ತಬಲಾ ಸುಮ್ಮನಾದ ಆಟ

ಬಸವಣ್ಣೆಪ್ಪನ ಕೈ ಮೇಲೆದ್ದಿತು. ಛಟೀರ್ ಎಂದು ಸದ್ದಾಯಿತು. ಇಂದ್ರವ್ವ ಎಡಗೆನ್ನೆ ಮುಚ್ಚಿಕೊಂಡು ರಂಗದ ಹಲಗೆಯ ಮೇಲೆ ಕುಸಿದಳು.

ನೋವು ಬರಲೆಂದು ಕಾದಳು...

ಬರಲಿಲ್ಲ.

"ಏಳ್ರಿ ಬಾಯಾರ, ಪೆಟ್ಟು ನಿಮಗ ಬಿದ್ದಿಲ್ಲ. ನನ್ನ ತಬಲಾಕ್ಕ ಬಿದ್ದೈತಿ."

ರಂಗದ ಕೆಳಗೆ ಕೂತಿದ್ದ ತಬಲಾ ಮಾಸ್ತರ ಸತ್ತೆಪ್ಪ ನಗುತ್ತಿದ್ದ. ಅವನ ಬಲಗೈ ಇನ್ನೂ ತಬಲಾದ ಮೇಲೆಯೇ ಇತ್ತು.

ಅದು 1957. ಗೋಕಾಕದಲ್ಲಿ ಡೇರೆ ಹಾಕಿದ್ದ ನಾಟಕ ಕಂಪನಿಗೆ ಇಂದ್ರವ್ವ ಸೇರಿ ಮೂರು ದಿನವಾಗಿತ್ತು. ನಾಟಕದಲ್ಲಿ ಅವಳದು ಸೊಸೆಯ ಪಾತ್ರ. ಕಂಪನಿಯ ಖಳನಾಯಕ ಬಸವಣ್ಣೆಪ್ಪ ಅವಳನ್ನು ಹೊಡೆಯುವ ಮೈದುನ.

"ನನ್ನ ಕೈ ಮ್ಯಾಲೆದ್ದದ್ದು ಕಂಡ ಕೂಡ್ಲೆ ಮುಖ ಹೊಳ್ಳಸ್ರಿ," ಎಂದ ಸತ್ತೆಪ್ಪ. "ಅವರ ಕೈ ಗಾಳಿಗೆ ಹೋಗ್ತೈತಿ. ಸಪ್ಪಳ ನಾ ಮಾಡ್ತೇನಿ."

"ಒಂದ ವೇಳೆ ಖರೇನ ಬಿದ್ರ?"

"ನಾ ಇಲ್ಲಿ ಕುಂತಿರೂತನಕ ಬೀಳೂದಿಲ್ಲ."

ಕಂಪನಿ ಸೇರುತ್ತೇನೆ ಎಂದದ್ದಕ್ಕೆ ಹುಕ್ಕೇರಿಯಲ್ಲಿ ಅಣ್ಣ ಭೀಮರಾಯ ಎಮ್ಮೆಯ ಹಗ್ಗದಿಂದ ಬಾರಿಸಿದ್ದ ಬಾಸುಂಡೆ ಅವಳ ಬೆನ್ನ ಮೇಲೆ ಇನ್ನೂ ಹಸಿಯಾಗಿತ್ತು.

'ಪೆಟ್ಟಿಲ್ಲದ ಸಪ್ಪಳ... ಇಂಥಾದ್ದೂ ಐತೇನು ಜಗತ್ತಿನಾಗ?'

ಆ ಹೊತ್ತಿನಿಂದಲೇ ಅವಳ ಕಣ್ಣು ಆ ಬಲಗೈಗೆ ಅಂಟಿಕೊಂಡಿತು.

ಸತ್ತೆಪ್ಪ ಬೆರಳಿಗೆ ಹಚ್ಚಿಕೊಳ್ಳುವ ಪೌಡರ್ ಡಬ್ಬಿ ಒಂದು ದಿನ ಅವಳ ಬಣ್ಣದ ಪೆಟ್ಟಿಗೆಗೆ ಬಂತು. ಮರಳಿ ಕೊಡಲು ಹೋದರೆ "ಇರ್ಲಿ ಬಿಡ್ರಿ, ನಾಳೆ ಇಸ್ಕೊಂತೇನಿ" ಎನ್ನುತ್ತಿದ್ದ. ಆ ನಾಳೆ ಎಂದೂ ಬರಲಿಲ್ಲ.

ಗೋಕಾಕದಲ್ಲಿ ಅವಳ ಹೆಸರು ಎದ್ದಿತು. ಹಾಡಿಗೆ ಮಾತ್ರವಲ್ಲ, ಹೊಡೆತದ ದೃಶ್ಯಕ್ಕೂ ಜನ 'ವನ್ಸ್ ಮೋರ್' ಕೂಗುತ್ತಿದ್ದರು. ಕೂಗಿದರೆ ದೃಶ್ಯವನ್ನು ಮತ್ತೊಮ್ಮೆ ಆಡಿ ತೋರಿಸಲೇಬೇಕು. ಅದು ಕಂಪನಿಯ ರೂಢಿ.

ಡೇರೆ ಅವಳ ಊರು ಹುಕ್ಕೇರಿಗೆ ಬಂದ ವಾರವೇ ಬಸವಣ್ಣೆಪ್ಪ ಊಟದ ಪಂಕ್ತಿಯಲ್ಲಿ ಎಲ್ಲರ ಮುಂದೆ ಅವಳನ್ನು ಕೇಳಿಬಿಟ್ಟ.

"ಏ ಇಂದ್ರಿ, ಮನಿ ಮಾಡಿಕೊಡ್ತೇನಿ, ಬರ್ತೀಯೇನ?"

"ನಿಮ್ಮ ಹೆಂಡತಿನ ಕೇಳಿ ಬರ್ರಿ ಸಾವ್ಕಾರ. ಆಮ್ಯಾಲೆ ಮಾತಾಡೂಣು."

ಪಂಕ್ತಿಯ ಪಂಕ್ತಿಯೇ ನಕ್ಕಿತು. ಬಸವಣ್ಣೆಪ್ಪ ನಗಲಿಲ್ಲ.

ಮರುದಿನದ ಆಟದಲ್ಲಿ ಸತ್ತೆಪ್ಪನ ಕೈ ಎದ್ದಿತು. ಅವಳು ಮುಖ ಹೊರಳಿಸುವ ಮೊದಲೇ ಬಸವಣ್ಣೆಪ್ಪನ ಅಂಗೈ ಅವಳ ಎಡಗಿವಿಗೇ ಅಪ್ಪಳಿಸಿತು. ಅದೇ ಗಳಿಗೆಗೆ ತಬಲಾ ಛಟೀರ್ ಎಂದಿತು. ಬಾಯೊಳಗೆ ರಕ್ತದ ರುಚಿ. ಡೇರೆಯ ತುಂಬ ಸಿಳ್ಳೆ.

"ವನ್ಸ್ ಮೋರ್..."

ಮತ್ತೆ ಹೊಡೆದ. ಮತ್ತೆ ತಬಲಾ ನುಡಿಯಿತು.

ಅವಳು ಕೆಳಗೆ ನೋಡಿದಳು. ಸತ್ತೆಪ್ಪ ತಲೆ ಬಗ್ಗಿಸಿ ಮುಂದಿನ ಹಾಡಿಗೆ ತಬಲಾ ಹದಗೊಳಿಸುತ್ತಿದ್ದ.

ಪರದೆಯ ಹಿಂದೆ ಬಸವಣ್ಣೆಪ್ಪ ಅವಳ ಜಡೆ ಹಿಡಿದು ಗೋಣು ಹಿಂದಕ್ಕೆ ಜಗ್ಗಿದ. "ಕೆಳಗ ಏನ್ ನೋಡ್ತಿ? ಆ ತಬಲಾದವಗ ಎಲ್ಲಾ ಗೊತ್ತೈತಿ. ನನ್ನ ಕೈಗೆ ಸರಿಯಾಗಿ ಬಾರಸ್ಲಿಲ್ಲೇನು? ಮಾಲಕರ ಮುಂದ ಬಾಯಿ ಬಿಟ್ರ ನಾಳಿಂದ ಬೇರೆದಾಕಿ ಸೊಸಿ ಆಗ್ತಾಳ, ನೀ ನಿಮ್ಮಣ್ಣನ ಹಗ್ಗದ ಕೆಳಗ ಹೋಗ್ತಿ."

'ಗೊತ್ತೈತಿ... ಗೊತ್ತಿದ್ದೂ ಬಾರಿಸಿದ...'

ಪೆಟ್ಟಿಗಿಂತ ಆ ಮಾತೇ ಆಳಕ್ಕೆ ಇಳಿಯಿತು. ಮರುದಿನ ಪೌಡರ್ ಡಬ್ಬಿಯನ್ನು ಅವನ ಮುಂದೆ ಕುಕ್ಕಿದಳು.

"ಯಾಕ್ರಿ ಬಾಯಾರ? ಏನ್ ತಪ್ಪಾತು?"

"ನಿಮ್ಮ ಕೆಲಸ ನೀವು ಚಲೋ ಮಾಡಾಕತ್ತೀರಿ ಮಾಸ್ತರ. ನನ್ನ ಕೆಲಸ ನಾ ಮಾಡ್ತೇನಿ."

ಒಂಬತ್ತು ಆಟಗಳು ಹಾಗೆಯೇ ನಡೆದವು. ಎರಡು ಸಲ ತುಟಿ ಒಡೆಯಿತು. ಕಿವಿಯೊಳಗೆ ಯಾವಾಗಲೂ ಜೀರುಂಡೆಯ ಸದ್ದು. ಊದಿದ ಕೆನ್ನೆಯ ಮೇಲೆ ದಪ್ಪಗೆ ಬಣ್ಣ ಬಳಿದುಕೊಂಡು ಅವಳು ರಂಗಕ್ಕೆ ಹೋಗುತ್ತಿದ್ದಳು. ಹಿಂದಕ್ಕೆ ಹೋಗಲು ಅವಳಿಗೆ ಬೇರೆ ಮನೆಯಿರಲಿಲ್ಲ.

ಡೇರೆ ಮೂಡಲಗಿಗೆ ಬಂದಾಗ ಒಂದು ಮುಂಜಾನೆ ಸತ್ತೆಪ್ಪ ಹಿಂದಿನಿಂದ, ಅವಳ ಎಡಬಾಜೂ ಬಂದು ಕರೆದ. ಅವಳು ತಿರುಗಲಿಲ್ಲ. ಮತ್ತೆ ಕರೆದ. ತಿರುಗಲಿಲ್ಲ. ಸಿಟ್ಟೇ ಇರಬೇಕೆಂದುಕೊಂಡು ಬಲಬಾಜೂ ಬಂದು ಮೆಲ್ಲಗೆ ಹೆಸರು ಹಿಡಿದು ಕರೆದ. ಅವಳು ಬೆಚ್ಚಿ ಎರಡೂ ಕೈಯಿಂದ ಮುಖ ಮುಚ್ಚಿಕೊಂಡಳು.

ಹಾಡುವಾಗ ಅವಳ ಶ್ರುತಿ ವಾರದಿಂದ ಜಾರುತ್ತಿದ್ದುದು ಸತ್ತೆಪ್ಪನಿಗೆ ನೆನಪಾಯಿತು. ನೇರ ಹಿರಿಯ ನಟಿ ಅಲ್ಲವ್ವನ ಬಳಿ ಹೋದ.

"ಅಲ್ಲವ್ವಕ್ಕಾ, ಇಂದ್ರವ್ವನ ಕಿವಿಗೆ ಏನಾಗೈತಿ?"

ಅಲ್ಲವ್ವ ಎಲೆ ಅಡಿಕೆ ಉಗುಳಿದಳು. "ಭಾಳ ಸಾಚಾ ಮನಷ್ಯಾ ನೀ. ಕಂಪನಿಗೆಲ್ಲಾ ಗೊತ್ತೈತಿ, ನಿನಗೊಬ್ಬಗ ಗೊತ್ತಿಲ್ಲೇನು? ಅಂವ ಖರೇನ ಹೊಡೀತಾನೋ. ನಿನ್ನ ತಬಲಾ ಜೋರೈತಲ್ಲ, ಹಂಗಾಗಿ ಜನಕ್ಕ ಕೇಳಸೂದಿಲ್ಲ."

ಸತ್ತೆಪ್ಪ ತನ್ನ ಬಲಗೈ ನೋಡಿಕೊಂಡ.

ಅಂದು ಸಂತೆ. ಮಧ್ಯಾಹ್ನದ ಆಟ. ಸಂತೆಗೆ ಬಂದ ಹೆಣ್ಣುಮಕ್ಕಳು ಬುಟ್ಟಿಗಳ ಸಮೇತ ಮುಂದೆ ಕೂತಿದ್ದರು.

ಬಸವಣ್ಣೆಪ್ಪ ಕೈ ಎತ್ತಿದ. ಇಂದ್ರವ್ವ ಅಭ್ಯಾಸದಿಂದ ಕೆಳಗೆ ನೋಡಿದಳು.

ಸತ್ತೆಪ್ಪನ ಕೈ ಏಳಲಿಲ್ಲ.

ಫಟ್. ಹಸಿ ಮಾಂಸದ ಮೇಲೆ ಬಿದ್ದ ಪೆಟ್ಟಿನ ಸದ್ದು ಡೇರೆಯ ಕೊನೆಯ ಸಾಲಿನವರೆಗೂ ಹೋಯಿತು. ಇಂದ್ರವ್ವ ಬಿದ್ದಳು. ಸಿಳ್ಳೆ ಇಲ್ಲ. ಚಪ್ಪಾಳೆ ಇಲ್ಲ.

"ಬಾರಸೋ ಲೇ..." ಬಸವಣ್ಣೆಪ್ಪ ಹಲ್ಲು ಕಡಿದ.

"ಖರೇ ಹೊಡೆತಕ್ಕ ನನ್ನ ತಬಲಾ ಯಾಕ ಬೇಕ್ರಿ ಸಾವ್ಕಾರ?" ಸತ್ತೆಪ್ಪನ ದನಿ ಡೇರೆಗೆಲ್ಲ ಕೇಳಿತು. "ಇಷ್ಟು ದಿನ ನಿಮ್ಮ ಪಾಪ ನನ್ನ ಕೈಲೆ ಮುಚ್ಚಿಸಿದ್ರಿ. ನನಗ ಇವತ್ತ ಗೊತ್ತಾತು."

'ಇವತ್ತ ಗೊತ್ತಾತು...' ಬಿದ್ದಲ್ಲೇ ಇಂದ್ರವ್ವ ತಲೆ ಎತ್ತಿದಳು.

ಅಷ್ಟರಲ್ಲಿ ಬಸವಣ್ಣೆಪ್ಪ ರಂಗದ ಮೂಲೆಯಲ್ಲಿದ್ದ ಬಡಿಗೆ ಹಿಡಿದು ಕೆಳಗೆ ಹಾರಿದ್ದ. ಮೊದಲ ಏಟು ತಬಲಾಕ್ಕೆ; ಚರ್ಮ ಹರಿಯಿತು. ಎರಡನೆಯದು, ತಬಲಾಕ್ಕೆ ಅಡ್ಡ ಬಂದ ಸತ್ತೆಪ್ಪನ ಬಲಗೈಗೆ. ಒಣ ಕಟ್ಟಿಗೆ ಮುರಿದಂತೆ ಎಲುಬು ಸದ್ದು ಮಾಡಿತು.

ಇಂದ್ರವ್ವ ಯಾವಾಗ ಕೆಳಗೆ ಹಾರಿದಳೋ ಅವಳಿಗೇ ತಿಳಿಯಲಿಲ್ಲ. ಬಡಿಗೆ ಕಸಿದೆಸೆದಳು. ಬಸವಣ್ಣೆಪ್ಪನ ಕೂದಲಿಗೆ ಕೈ ಹಾಕಿದರೆ ಹುಸಿಗೂದಲ ಟೋಪಿಯೇ ಕಿತ್ತು ಬಂತು. ಬೋಳು ತಲೆಯ ಖಳನಾಯಕನ ಕೆನ್ನೆಗೆ ಅಂಗೈ ಬೀಸಿ ಹೊಡೆದಳು.

ಹೆಂಗಸರ ಸಾಲಿನಿಂದ ಒಂದು ದನಿ ಎದ್ದಿತು.

"ವನ್ಸ್ ಮೋರ್!"

ರೂಢಿ ರೂಢಿಯೇ. ಇಂದ್ರವ್ವ ಮತ್ತೊಮ್ಮೆ ಹೊಡೆದಳು. ಉಳಿದದ್ದನ್ನು ಸಂತೆಯ ಹೆಣ್ಣುಮಕ್ಕಳ ಚಪ್ಪಲಿಗಳು ನೋಡಿಕೊಂಡವು.

ಮರುದಿನ ಮುಂಜಾನೆ ಘಟಪ್ರಭಾದ ಆಸ್ಪತ್ರೆಗೆ ಕಂಪನಿಯ ಮಾಲಕ ಶಿದ್ಲಿಂಗಪ್ಪ ಬಂದರು. ಸತ್ತೆಪ್ಪನ ಬಲಗೈಯ ಎರಡು ಬೆರಳಿಗೆ ಪಟ್ಟಿ ಕಟ್ಟಿತ್ತು. ಅವು ಮೊದಲಿನಂತೆ ಆಗುವುದಿಲ್ಲವೆಂದು ಡಾಕ್ಟರು ಹೇಳಿ ಹೋಗಿದ್ದರು. ಇಂದ್ರವ್ವನ ಎಡಗಿವಿಗೂ ಅದೇ ಮಾತು.

"ಬಸವಣ್ಣೆಪ್ಪನ್ನ ಹೊರಗ ಹಾಕೇನಿ. ನೀ ವಾಪಸ್ ಬಾರವಾ," ಎಂದರು ಮಾಲಕರು. "ಬೇಕಾದ್ರ ಆ ಹೊಡೆತದ ದೃಶ್ಯ ತಗದ ಹಾಕೂಣು."

"ಅದು ಇರ್ಲಿರಿ, ಜನಕ್ಕ ಸೇರಿದ ದೃಶ್ಯ. ಬರ್ತೇನಿ. ಆದ್ರ ಕೆಳಗ ಕೂಡವ್ರು ಈ ಮಾಸ್ತರ ಆಗಬೇಕು. ಒಂದ ಸಪ್ಪಳಕ್ಕ ಎಡಗೈ ಸಾಕು."

ಮಾಲಕರು ಇಬ್ಬರನ್ನೂ ನೋಡಿ, ನಶ್ಯ ಏರಿಸಿ, "ಆತು" ಎಂದು ಹೊರಟರು.

ಇಂದ್ರವ್ವ ಸತ್ತೆಪ್ಪನ ಹಾಸಿಗೆಯ ಪಕ್ಕ ಬಂದು ಕೂತಳು.

"ನಿಮಗ ಗೊತ್ತಿತ್ತು ಅಂದ್ಕೊಂಡಿದ್ನಿ..." ಅವಳು ಪಟ್ಟಿ ಕಟ್ಟಿದ ಬೆರಳುಗಳನ್ನು ನೋಡಿದಳು. "ಕೇಳಬೇಕಿತ್ತು ನಾ."

"ನಾ ನೋಡಬೇಕಿತ್ತು. ನನ್ನ ಕೈಯಷ್ಟ ನೋಡಿಕೊಂತ ಕುಂತ್ನಿ." ಅವನು ಉಸಿರೆಳೆದುಕೊಂಡ. "ನೀವು ಬಂದ ದಿನದಿಂದ ಈ ತಬಲಾ ನಿಮ್ಮ ಸಲುವಾಗೇ ಬಾರಸೇನಿ, ಇಂದ್ರವ್ವ. ಇನ್ನ ಮುಂದೂ... ಮನಿಯಾಗ ನನ್ನ ಜೋಡಿ ಇರ್ತೀರೇನು?"

"ಪೌಡರ್ ಡಬ್ಬಿ ತಂದೀರೇನು?"

"ತಂದೇನಿ. ಯಾಕ?"

"ವಾಪಸ್ ಕೊಡ್ರಿ ಮತ್ತ."

ಸತ್ತೆಪ್ಪ ಅಳುತ್ತಲೇ ನಕ್ಕ. ಅವಳ ಕೆನ್ನೆಯತ್ತ ಎಡಗೈ ಎತ್ತಿದ. ಅವಳ ಕಣ್ಣುಗಳು ತಾವಾಗಿಯೇ ಮುಚ್ಚಿದವು, ಭುಜ ಬಿಗಿಯಿತು. ಅವನು ಕೈಯನ್ನು ಅಲ್ಲೇ, ಗಾಳಿಯಲ್ಲಿ ನಿಲ್ಲಿಸಿದ. ಕಾದ.

ಇಂದ್ರವ್ವ ಕಣ್ಣು ತೆರೆದು ಆ ಕೈಯನ್ನು ನೋಡಿದಳು. ಮುಖ ಹೊರಳಿಸಲಿಲ್ಲ. ತಾನೇ ಮುಂದೆ ಬಾಗಿ, ಊದಿದ ಕೆನ್ನೆಯನ್ನು ಅವನ ಅಂಗೈಯಲ್ಲಿ ಇಟ್ಟಳು.

"ನೋವಾತೇನ?"

"ಇಲ್ಲ," ಎಂದಳು. "ತಗೀಬ್ಯಾಡ್ರಿ."