ಜೇಬಿಗೆ ಹೋದ ಚಾಕಲೇಟ್ ತುಂಡು

"ನಿಮ್ಮ ಜೇಬಲ್ಲಿ ಏನಿದೆ, ತೆಗೀರಿ!"

ಹೀಗೆ ಕೇಳಬೇಕೆಂದು ಪುಟ್ಟಿ ಬಾಯಿ ತೆರೆದಳು. ಆದರೆ ಮಾತು ಗಂಟಲು ದಾಟಿ ಬರಲೇ ಇಲ್ಲ.

ಹೊಸಬರ ಮುಂದೆ ಅವಳ ಪಾಡು ಯಾವಾಗಲೂ ಹೀಗೇ. ನಾಲಿಗೆ ಮುಸುಕು ಹೊದ್ದು ಮಲಗಿಬಿಡುತ್ತದೆ. ಕಣ್ಣುಗಳು ಮಾತ್ರ ಕಾವಲು ಕಾಯುತ್ತವೆ.

ಆ ಕಣ್ಣುಗಳೀಗ ಫ್ರಿಜ್ ಮೆಕ್ಯಾನಿಕ್‌ನ ಅಂಗಿಯ ಜೇಬಿನ ಮೇಲೆ ನೆಟ್ಟಿದ್ದವು. ಅವಳು ಚಾಕಲೇಟ್ ತುಂಡಿನ ಅಡಿಗೆ ಹಾಸಿಕೊಟ್ಟಿದ್ದ ಬಟರ್ ಪೇಪರಿನ ಒಂದು ಮೂಲೆ ಅಲ್ಲಿಂದ ಇಣುಕುತ್ತಿತ್ತು!

"ತುಂಬಾ ಚೆನ್ನಾಗಿತ್ತು ಮೇಡಂ," ಎನ್ನುತ್ತ ಅವನು ಖಾಲಿ ತಟ್ಟೆಯನ್ನು ಮೇಜಿನ ಮೇಲಿಟ್ಟ.

ಚೆನ್ನಾಗಿತ್ತಂತೆ! ತುಟಿಯ ಮೇಲೆ ಒಂದು ಚೂರು ಪುಡಿಯಿಲ್ಲ. ಹಲ್ಲಿಗೆ ಚಾಕಲೇಟ್ ಅಂಟಿಲ್ಲ. ಅವಳು ನೀರು ತರಲು ತಿರುಗಿದ್ದು ಒಂದು ಲೋಟ ತುಂಬುವಷ್ಟು ಹೊತ್ತು, ಅಷ್ಟೇ.

'ತಿನ್ನದೇ ತಿಂದೆ ಅನ್ನುವವನು... ಇನ್ನು ಏನೇನು ಹೇಳಿಯಾನು?'

ಬೇಸರವಾದದ್ದು ಸುಳ್ಳಿಗಷ್ಟೇ ಅಲ್ಲ. ಅರ್ಧ ಗಂಟೆಯ ಹಿಂದೆ ಅವನು ಫ್ರಿಜ್ಜಿನ ಹಿಂದೆ ಮಂಡಿಯೂರಿ, "ಏನಪ್ಪಾ ನಿನ್ನ ಕಷ್ಟ? ಹೇಳು, ಕೇಳೋಣ," ಎಂದು ಅದರ ಜೊತೆ ಮಾತಾಡಿದ್ದ. ಪುಟ್ಟಿಗೆ ನಗು ಬಂದು ಸೆರಗು ಬಾಯಿಗೆ ಒತ್ತಿಕೊಂಡಿದ್ದಳು. ಕೆಲಸ ಮುಗಿದ ಮೇಲೆ ನೆಲದ ಮೇಲಿನ ನೀರನ್ನು ಯಾರೂ ಹೇಳದೆ ತಾನೇ ಒರೆಸಿದ್ದ. ಆಗ ಅನ್ನಿಸಿತ್ತು, ಎಂಥ ಒಳ್ಳೆಯ ಮನುಷ್ಯ ಎಂದು.

ಬೆಳ್ಳಗಿರುವುದೆಲ್ಲ ಹಾಲಲ್ಲ!

ಅವನು ಹೊರಟ. ಹೊರಗಿನ ನಲ್ಲಿಯಲ್ಲಿ ಮೊಣಕೈವರೆಗೆ ಸೋಪು ಹಚ್ಚಿ ಉಜ್ಜಿ ಉಜ್ಜಿ ಕೈ ತೊಳೆದ. ಕಿಟಕಿಯಿಂದ ಪುಟ್ಟಿ ನೋಡುತ್ತಲೇ ಇದ್ದಳು.

'ಅಬ್ಬಾ, ನಮ್ಮ ಮನೆಯೇನು ಅಷ್ಟು ಗಲೀಜೇ?'

*

ಏಳನೇ ತರಗತಿಗೆ ಶಾಲೆ ಬಿಟ್ಟ ಪುಟ್ಟಿಗೆ ತನ್ನದು ಎಂದು ಹೇಳಿಕೊಳ್ಳಲು ಇದ್ದದ್ದು ಒಂದೇ. ಆ ಚಾಕಲೇಟ್ ತುಂಡು. ಬಾಕ್ಸಿಗೆ ತುಂಬಿ ಮನೆಯಿಂದಲೇ ಮಾರುತ್ತಿದ್ದಳು.

ಅದಕ್ಕೆ ಓವನ್ ಬೇಕಿಲ್ಲ, ಬೇಯಿಸುವ ಗೊಡವೆಯೇ ಇಲ್ಲ. ಬಿಸ್ಕತ್ತನ್ನು ತರಿತರಿಯಾಗಿ ಪುಡಿ ಮಾಡಬೇಕು. ಕಡಲೆಬೀಜವನ್ನು ಇನ್ನೇನು ಸೀಯುತ್ತದೆ ಅನ್ನುವಷ್ಟರಲ್ಲಿ ಇಳಿಸಿ, ಸಿಪ್ಪೆ ಉಜ್ಜಿ, ಎಣ್ಣೆ ಬಿಡುವ ತನಕ ರುಬ್ಬಿದರೆ ಪೀನಟ್ ಬಟರ್. ಎರಡನ್ನೂ ಕರಗಿದ ಬೆಣ್ಣೆ, ಸಕ್ಕರೆ ಪುಡಿಯ ಜೊತೆ ಕಲಸಿ, ಟ್ರೇಗೆ ಹಾಕಿ, ಲೋಟದ ತಳದಿಂದ ಒತ್ತಬೇಕು. ಮೇಲೆ ಕರಗಿಸಿದ ಚಾಕಲೇಟ್. ಟ್ರೇಯನ್ನು ಮೇಜಿಗೆ ಮೂರು ಸಲ ಕುಟ್ಟಿ ಗಾಳಿಗುಳ್ಳೆ ಒಡೆಸಿ, ಫ್ರಿಜ್ಜಿನಲ್ಲಿಟ್ಟರೆ ಆಯಿತು. ಈ ತಿಂಡಿಗೆ ಫ್ರಿಜ್ಜೇ ಒಲೆ.

ಇಷ್ಟು ಯಾರಿಗಾದರೂ ಗೊತ್ತಾಗುವಂಥದ್ದು. ಗೊತ್ತಿಲ್ಲದ್ದು ಒಂದಿತ್ತು. ಎರಡು ಪದರಗಳ ನಡುವೆ ಅವಳು ಕುಟ್ಟಿದ ಕಲ್ಲುಪ್ಪನ್ನು ಬೆರಳ ತುದಿಯಿಂದ ಉದುರಿಸುತ್ತಿದ್ದಳು. ಕಚ್ಚಿದಾಗ ಎಲ್ಲೋ ಒಂದು ಹರಳು ಸಿಕ್ಕಿ ಚುರುಕ್ಕೆಂದು, ಆಮೇಲೆ ಸಿಹಿ ಇಮ್ಮಡಿಯಾಗುತ್ತಿತ್ತು.

ಉಪ್ಪು ಉದುರಿಸುವಾಗ ಅವಳು ಅಡುಗೆಮನೆಯ ಬಾಗಿಲು ಹಾಕಿಕೊಳ್ಳುತ್ತಿದ್ದಳು. ಮುಂಚೆ ಹೀಗಿರಲಿಲ್ಲ. ಜೀವದ ಗೆಳತಿಯೊಬ್ಬಳಿಗೆ ತನ್ನ ಕೈಯ ಬಿಸ್ಕತ್ತಿನ ಗುಟ್ಟನ್ನೆಲ್ಲ ಹೇಳಿಕೊಟ್ಟಿದ್ದಳು. ತಿಂಗಳೊಳಗೆ ಆ ಗೆಳತಿ ಪಕ್ಕದ ಬೀದಿಯಲ್ಲಿ ಅದನ್ನೇ ಮಾರಲು ಕೂತಳು, ಎದುರು ಸಿಕ್ಕರೂ ಗುರುತಿಲ್ಲದವಳಂತೆ!

ಅಂದಿನಿಂದ ಪುಟ್ಟಿ ತನ್ನ ನೆರಳನ್ನೂ ಎರಡು ಸಲ ನೋಡುತ್ತಾಳೆ.

*

ಮುಂದಿನ ಗುರುವಾರ ಅವನು ಮತ್ತೆ ಬಂದ. ಕೈಯಲ್ಲಿ ಸ್ಪ್ಯಾನರ್ ಇಲ್ಲ.

"ಒಂದು ಬಾಕ್ಸ್ ಬೇಕಿತ್ತು."

ಮುಂದಿನ ಕೋಣೆಯಲ್ಲಿ ಹೊಲಿಗೆ ಯಂತ್ರ ತುಳಿಯುತ್ತಿದ್ದ ಅಕ್ಕ ಕಣ್ಣಲ್ಲೇ ನಕ್ಕಳು. "ಪುಟ್ಟೀ, ನಿನ್ನ ಗಿರಾಕಿ ಕಣೇ!"

ಅದರ ಮುಂದಿನ ಗುರುವಾರವೂ ಬಂದ. ಅದರ ಮುಂದಿನದೂ. ಪ್ರತಿ ಸಲ ಏನಾದರೊಂದು ಪ್ರಶ್ನೆ.

"ಬೀಜ ನೀವೇ ಹುರೀತೀರಾ?"

"ಹ್ಞೂಂ."

"ಕೆಳಗಡೆದು ಅಷ್ಟು ಗಟ್ಟಿ ಹೇಗೆ ಕೂರುತ್ತೆ?"

ಪುಟ್ಟಿ ಬಾಕ್ಸಿಗೆ ದಾರ ಸುತ್ತಿದಳು. 'ಕೂರುತ್ತೆ ಹೇಗೋ! ನಿನಗ್ಯಾಕೆ?'

ಒಂದು ದಿನವೂ ಅವನು ಅಲ್ಲಿ ಬಾಕ್ಸ್ ಬಿಚ್ಚಲಿಲ್ಲ, ಒಂದು ತುಂಡು ಬಾಯಿಗಿಡಲಿಲ್ಲ. ಬಾಕ್ಸನ್ನು ಬಟ್ಟೆಚೀಲದೊಳಗೆ ದೂರ ಹಿಡಿದು, ನಲ್ಲಿಯಲ್ಲಿ ಕೈ ತೊಳೆದು ಹೋಗುತ್ತಿದ್ದ.

"ಅಕ್ಕಾ, ದೊಡ್ಡ ರಸ್ತೆ ಬೇಕರಿ ಫ್ರಿಜ್ ರಿಪೇರಿ ಮಾಡೋದೂ ಇವರೇ ಅಲ್ವಾ?"

"ಹೌದು. ಅದಕ್ಕೇನೀಗ?"

"ಏನಿಲ್ಲ..."

"ಅವನು ನಿನ್ನನ್ನ ನೋಡೋಕೆ ಬರ್ತಾನೆ ಕಣೇ ಪೆದ್ದೀ. ಊರಿಗೆಲ್ಲ ಗೊತ್ತಾಗೋದು ನಿಂಗೊಬ್ಬಳಿಗೇ ಗೊತ್ತಾಗಲ್ವಾ?"

ಪುಟ್ಟಿಯ ಕೆನ್ನೆ ಬಿಸಿಯಾಯಿತು. ಹಾಗಿದ್ದರೆ...? ಹಾಗಿದ್ದರೆ ಎಷ್ಟು ಚೆನ್ನಾಗಿತ್ತು! ಗುರುವಾರ ಬಂತೆಂದರೆ ತಾನೂ ಎರಡು ಸಲ ತಲೆ ಬಾಚಿಕೊಳ್ಳುತ್ತೇನೆ ಎಂಬುದು ಅವಳಿಗೂ ಗೊತ್ತಿತ್ತು. ಆದರೆ ನೋಡಲು ಬರುವವನು ತಿಂದೆ ಅಂತ ಸುಳ್ಳು ಹೇಳುತ್ತಾನೆಯೇ? ಬೆಕ್ಕು ಕಣ್ಣು ಮುಚ್ಚಿ ಹಾಲು ಕುಡಿದರೆ ಲೋಕಕ್ಕೇ ಕತ್ತಲಾಗುತ್ತದೆಯೇ?

*

ಆರನೇ ಗುರುವಾರ ಫ್ರಿಜ್ಜಿನ ಬಾಗಿಲಿನ ರಬ್ಬರ್ ಬದಲಿಸಲು ಬಂದವನು, ಜೇಬಿನ ಪುಟ್ಟ ನೋಟ್‌ಬುಕ್ಕನ್ನು ಮೇಜಿನ ಮೇಲಿಟ್ಟು ಗಾಡಿಯಿಂದ ಸಾಮಾನು ತರಲು ಹೋದ.

ಪುಟ್ಟಿ ಮುಟ್ಟಬಾರದಿತ್ತು. ಮುಟ್ಟಿದಳು. ಬೆರಳು ಸಿಕ್ಕಿದಲ್ಲಿ ಪುಟ ತೆರೆದುಕೊಂಡಿತು.

*ಬಿಸ್ಕತ್ತು ತರಿತರಿ. ಬೀಜ ಜಾಸ್ತಿ ಹುರಿದದ್ದು. ಎರಡು ಪದರದ ನಡುವೆ ಕಲ್ಲುಪ್ಪು?*

ಅದನ್ನೇ ಇನ್ನೊಮ್ಮೆ ಓದಿದಳು.

ಅವಳ ಉಪ್ಪು! ಅಕ್ಕನಿಗೂ ಹೇಳದ, ಬಾಗಿಲು ಹಾಕಿ ಕಾಪಾಡಿದ ಉಪ್ಪು... ಅವನ ಅಕ್ಷರದಲ್ಲಿ!

ಅವನು ಒಳಗೆ ಬಂದ. ಅವಳ ಕೈಯಲ್ಲಿ ನೋಟ್‌ಬುಕ್ ಕಂಡದ್ದೇ ತಡ, ಮುಖ ಕೆಂಪಾಯಿತು. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡಂತೆ!

"ಅದು... ದಯವಿಟ್ಟು ಕೊಡಿ."

"ಕೊಡಲ್ಲ!" ಪುಟ್ಟಿಗೆ ತನ್ನ ದನಿ ತನ್ನದೇ ಎಂದು ನಂಬಲಾಗಲಿಲ್ಲ. "ಯಾರಿಗೋಸ್ಕರ ಬರ್ಕೊಂಡ್ರಿ? ಬೇಕರಿಯವರಿಗಾ?"

"ಬೇಕರಿನಾ? ಇಲ್ಲಾರೀ! ನೀವು ಅಂದ್ಕೊಂಡ ಹಾಗಲ್ಲ..."

"ಮೊದಲ ದಿನಾನೇ ನೋಡಿದೀನಿ. ತಿಂದೆ ಅಂದ್ರಿ, ಜೇಬಿಗೆ ಹಾಕ್ಕೊಂಡ್ರಿ. ಒಂದು ದಿನ ತಿಂದಿದೀರಾ ನೀವು?"

ಅವನು ತಲೆ ತಗ್ಗಿಸಿದ.

ಪುಟ್ಟಿ ಟ್ರೇಯಿಂದ ಒಂದು ತುಂಡು ತೆಗೆದು ತಟ್ಟೆಯಲ್ಲಿಟ್ಟು ಅವನ ಮುಂದೆ ಚಾಚಿದಳು. "ತಿನ್ನಿ. ನನ್ನ ಕಣ್ಣೆದುರಿಗೇ ತಿನ್ನಿ. ನಂಬ್ತೀನಿ."

ಅವನು ತುಂಡನ್ನು ನೋಡಿದ. ಅವಳನ್ನು ನೋಡಿದ.

"ಆಗಲ್ಲ... ಕ್ಷಮಿಸಿ."

ರಬ್ಬರ್ ಹಾಕಿ ಮುಗಿಸಿ ಹೊರಟೇ ಹೋದ. ಈ ಸಲವೂ ಕೈ ತೊಳೆಯುವುದನ್ನು ಮಾತ್ರ ಮರೆಯಲಿಲ್ಲ.

ಪುಟ್ಟಿ ನೋಟ್‌ಬುಕ್ಕನ್ನು ಬಿಸ್ಕತ್ತಿನ ಡಬ್ಬಿಗೆ ಹಾಕಿ ಮುಚ್ಚಿದಳು. ಇನ್ನೊಂದು ಪುಟ ತಿರುವಿದರೆ ಅಳು ಬಂದೀತೆಂಬ ಭಯ. ತಿರುವದಿದ್ದರೂ ಬಂತು.

*

ಎರಡು ಗುರುವಾರ ಖಾಲಿ ಹೋದವು.

ಮೂರನೆಯ ವಾರ, ಮಧ್ಯಾಹ್ನ. ದಪ್ಪ ಮೀಸೆಯ ಹಿರಿಯರೊಬ್ಬರು ಬಾಗಿಲಲ್ಲಿ ನಿಂತು ಏದುಸಿರು ಬಿಟ್ಟರು.

"ಯಾರಮ್ಮಾ ಇಲ್ಲಿ ಚಾಕಲೇಟ್ ಮಾಡೋರು? ಎರಡು ವಾರದಿಂದ ನಮ್ಮ ರಿಪೇರಿ ಅಂಗಡಿಯಲ್ಲಿ ಒಬ್ಬನ ಮುಖದಲ್ಲೂ ಕಳೆ ಇಲ್ಲ!"

ಅಕ್ಕ ಯಂತ್ರ ನಿಲ್ಲಿಸಿದಳು. "ನಿಮ್ಮ ಮೆಕ್ಯಾನಿಕ್ಕು ಬರೋದು ಬಿಟ್ರು, ಯಜಮಾನ್ರೇ."

"ಅವನು ನನ್ನ ಸೋದರಳಿಯ ಕಣಮ್ಮ. ಯಾಕೋ ಹೋಗಲ್ಲ ಅಂದ್ರೆ, ಫ್ರಿಜ್ಜಿನೊಳಗೆ ತಲೆ ತೂರಿಸ್ತಾನೆ. ನಾನೇ ಬಂದೆ. ಒಂದು ಬಾಕ್ಸ್ ಕೊಡಮ್ಮ, ನಿನ್ನ ಕೈಗೆ ಪುಣ್ಯ ಬರಲಿ."

ಪುಟ್ಟಿ ಅಡುಗೆಮನೆಯ ಬಾಗಿಲಿಗೆ ಒರಗಿದ್ದಳು. ನಾಲಿಗೆ ಎಂದಿನಂತೆ ಮಲಗಲು ಹೊರಟಿತು. ಅವಳು ಎಬ್ಬಿಸಿದಳು.

"ಅವರು... ತಾವ್ಯಾಕೆ ತಿನ್ನಲ್ಲ?"

ಹಿರಿಯರು ಗಹಗಹಿಸಿ ನಕ್ಕರು. "ಅವನಾ! ಕಡಲೆಬೀಜ ಅಂದ್ರೆ ಅವನಿಗೆ ವಿಷ ಕಣಮ್ಮ. ಚಿಕ್ಕವನಿದ್ದಾಗ ನಾಲ್ಕು ಕಾಳು ತಿಂದು, ಗಂಟಲು ಊದಿ, ಎರಡು ದಿನ ಆಸ್ಪತ್ರೇಲಿದ್ದ. ಆವತ್ತಿಂದ ಮುಟ್ಟಿದ್ರೂ ಕೈ ತೊಳೀತಾನೆ. ಆದ್ರೂ ವಾರಾ ವಾರಾ ತಂದು ನಮಗೆಲ್ಲ ಹಂಚಿ, ಪೆನ್ನು ಹಿಡ್ಕೊಂಡು ಕೂರ್ತಾನೆ. 'ಮಾವ, ಹೇಗಿದೆ ಹೇಳು. ಮೊದಲು ಏನು ಗೊತ್ತಾಗುತ್ತೆ? ಆಮೇಲೆ?' ತಿನ್ನೋಕೆ ಬಿಡಲ್ಲ ಕಣಮ್ಮ! ಉಪ್ಪು ಸಿಗುತ್ತಪ್ಪಾ ನಡುನಡುವೆ ಅಂದ್ರೆ, ಅದನ್ನೂ ಬರ್ಕೊಂಡ."

ಪುಟ್ಟಿ ಕಿಟಕಿಯಾಚೆಯ ನಲ್ಲಿಯ ಕಡೆ ನೋಡಿದಳು.

ಬಟರ್ ಪೇಪರಿನ ಮೂಲೆ. ದೂರ ಹಿಡಿದ ಚೀಲ. ಮೊಣಕೈವರೆಗಿನ ಸೋಪು. ತಾನು ಒಂದೊಂದಾಗಿ ಕೂಡಿಟ್ಟ ಸಾಕ್ಷಿಗಳು ಒಂದೊಂದಾಗಿ ತನ್ನ ಕಡೆಗೇ ತಿರುಗಿ ನಿಂತವು.

'ತಿನ್ನಿ, ನನ್ನ ಕಣ್ಣೆದುರಿಗೇ ತಿನ್ನಿ... ಅಯ್ಯೋ! ಏನು ಮಾಡಿಬಿಡುತ್ತಿದ್ದೆ ನಾನು!'

ಹಿರಿಯರು ಬಾಕ್ಸ್ ಹಿಡಿದು ಹೋದ ಮೇಲೆ ಬಿಸ್ಕತ್ತಿನ ಡಬ್ಬಿ ತೆರೆದಳು. ಅಕ್ಷರಗಳನ್ನು ಬೆರಳಿಟ್ಟು ಮೆಲ್ಲಗೆ ಓದಿದಳು.

*ಮಾವ: ಮೊದಲು ಉಪ್ಪು, ಆಮೇಲೆ ಸಿಹಿ. ವೆಲ್ಡರ್ ಅಣ್ಣ: ಬಾಯಿಗಿಟ್ರೆ ಜಗಳ ಮರೆತುಹೋಗುತ್ತೆ. ಅವರು ಇವತ್ತೂ ನಗಲಿಲ್ಲ.*

*ಗುರುವಾರ. ಇವತ್ತು ಅರ್ಧ ನಕ್ಕರು. ನನಗಲ್ಲ, ಅವರ ಅಕ್ಕನಿಗೆ.*

*ಬೀಜ ಆಗಲ್ಲ ಅಂತ ಹೇಳಿಬಿಡಬೇಕು. ಹೇಳಿದರೆ ಬಾಕ್ಸ್ ಕೊಡಲ್ಲ. ಬಾಕ್ಸ್ ಇಲ್ಲದಿದ್ದರೆ ಯಾವ ನೆಪದಲ್ಲಿ ಹೋಗಲಿ?*

ಪುಟ ಒದ್ದೆಯಾಗಿ ಶಾಯಿ ಹರಡಿತು.

*

ಮಾರನೆಯ ದಿನ ಬೆಳಗ್ಗೆ ತಲೆಗೆ ಸ್ನಾನ ಮಾಡಿ, ಒಗೆದ ಬಟ್ಟೆ ತೊಟ್ಟು, ಪುಟ್ಟಿ ರಿಪೇರಿ ಅಂಗಡಿಯ ಮೆಟ್ಟಿಲು ಹತ್ತಿದಳು. ಚೀಲದಲ್ಲಿದ್ದ ಟ್ರೇ ಹೊಸದು, ಚಾಕು ಹೊಸದು, ಕುಟ್ಟಾಣಿ ಹೊಸದು, ಲೋಟವೂ ಹೊಸದು. ಮನೆಯ ಒಂದು ಚಮಚವನ್ನೂ ತಂದಿರಲಿಲ್ಲ. ಬಿಸ್ಕತ್ತು, ಚಾಕಲೇಟ್ ಪೊಟ್ಟಣಗಳ ಹಿಂದಿನ ಇರುವೆಯಂಥ ಅಕ್ಷರಗಳನ್ನು ಅಂಗಡಿಯಲ್ಲೇ ನಿಂತು ಕೊನೆತನಕ ಓದಿದ್ದಳು.

ಅವನು ಫ್ರಿಜ್ಜಿನ ಹಿಂದಿನಿಂದ ಎದ್ದ. ಹಣೆಯ ಮೇಲೆ ಮಸಿ.

"ನೀವು...?"

"ಎಳ್ಳು ಆಗುತ್ತಾ ನಿಮಗೆ?"

"ಆಗುತ್ತೆ. ದಿನಾ ತಿಂತೀನಿ. ಯಾಕೆ?"

"ನಿಜವಾಗ್ಲೂ? ಸುಳ್ಳಲ್ವಲ್ಲ?"

"ಆಣೆ!"

"ಹಾಗಾದ್ರೆ ಇಲ್ಲಿ ತಣ್ಣಗಿರೋ ಫ್ರಿಜ್ ಯಾವುದು, ತೋರಿಸಿ."

ಹಿರಿಯರು ಮೀಸೆಯಡಿ ನಗುತ್ತ, ವೆಲ್ಡರ್ ಅಣ್ಣನನ್ನು ಕರೆದುಕೊಂಡು ಚಹಾ ಕುಡಿಯಲು ಹೋದರು.

ಪುಟ್ಟಿ ಬಿಸ್ಕತ್ತು ಪುಡಿ ಮಾಡಿದಳು. ಹುರಿದ ಎಳ್ಳನ್ನು ಬೆಣ್ಣೆಯ ಹಾಗೆ ಅರೆದಳು. ಲೋಟದಿಂದ ಒತ್ತಿದಳು. ಆಮೇಲೆ ಪೊಟ್ಟಣ ಬಿಚ್ಚಿ, ಕಲ್ಲುಪ್ಪನ್ನು ಬೆರಳ ತುದಿಗೆ ತೆಗೆದುಕೊಂಡು, ಒಂದು ಕ್ಷಣ ತಡೆದಳು.

ಬಾಗಿಲು ಹಾರುಹೊಡೆದಿತ್ತು. ಅವನು ಎದುರಿಗೇ ನಿಂತಿದ್ದ.

"ನೋಡಿ," ಅಂದಳು. "ಹೀಗೆ ಉದುರಿಸೋದು. ಬೇಕಾದ್ರೆ ಬರ್ಕೊಳ್ಳಿ."

ಅವನು ಬರೆದುಕೊಳ್ಳಲಿಲ್ಲ. ಆ ಬೆರಳುಗಳನ್ನೇ ನೋಡುತ್ತ ನಿಂತ.

ಮೇಲೆ ಕರಗಿಸಿದ ಚಾಕಲೇಟ್ ಸುರಿದಳು. ಫ್ರಿಜ್ಜಿನಲ್ಲಿ ಗಟ್ಟಿಯಾಗಲು ಎರಡು ಗಂಟೆ. ಎರಡು ಸ್ಟೂಲು, ನಡುವೆ ಬಿಚ್ಚಿಟ್ಟ ಒಂದು ಮೋಟರು. ಮೊದಲ ಒಂದು ಗಂಟೆ ಅವನು ಮೋಟರಿನ ಸ್ಕ್ರೂ ಬಿಗಿಸಿದ, ಬಿಚ್ಚಿದ; ಅವಳು ಒರೆಸಿದ ಚಾಕುವನ್ನೇ ಮತ್ತೆ ಒರೆಸಿದಳು.

"ತಪ್ಪಾಯ್ತು ರೀ..." ಎಂದಳು ಕೊನೆಗೆ.

"ನಂದೂ. ಮೊದಲ ದಿನಾನೇ ಹೇಳ್ಬೇಕಿತ್ತು. ಅಷ್ಟು ಆಸೆಯಿಂದ ಕೊಟ್ರಿ... ಬೇಡ ಅನ್ನೋಕೆ ಬಾಯಿ ಬರಲಿಲ್ಲ."

"ನಂಗೂ ಅವತ್ತು ಬಾಯಿ ಬರಲಿಲ್ಲ."

ಚಾಕುವನ್ನು ಬಿಸಿನೀರಿನಲ್ಲಿ ಅದ್ದಿ ಕತ್ತರಿಸಿ, ಮೊದಲ ತುಂಡು ಅವನಿಗೆ ಕೊಟ್ಟಳು. ಅವನು ಕಣ್ಣು ಮುಚ್ಚಿಕೊಂಡು ಕಚ್ಚಿದ. ಎಷ್ಟೋ ಹೊತ್ತು ಕಣ್ಣು ತೆರೆಯಲೇ ಇಲ್ಲ.

ಪುಟ್ಟಿಯ ಸಂಶಯ ಹಳೆಯ ರೂಢಿ, ಅಷ್ಟು ಬೇಗ ಹೋಗುತ್ತದೆಯೇ?

"ಪೂರ್ತಿ ತಿಂದ್ರಾ? ಎಲ್ಲಿ, ಜೇಬು ತೋರಿಸಿ!"

ಅವನು ನಗುತ್ತ ಜೇಬು ತೆಗೆದು ಮೇಜಿನ ಮೇಲೆ ಸುರಿದ. ಒಂದು ಟೆಸ್ಟರ್, ಎರಡು ಸ್ಕ್ರೂ, ಮತ್ತೆ... ನಾಲ್ಕು ಮಡಿಕೆಯ ಒಂದು ಬಟರ್ ಪೇಪರು.

"ಇದು... ಅವತ್ತಿಂದಾ?"

"ತುಂಡು ಮಾವನ ಪಾಲಿಗೆ ಹೋಯ್ತು. ಕಾಗದ ನನ್ನ ಪಾಲಿಗೆ ಬಂತು." ಆಮೇಲೆ ಗಾಬರಿಯಿಂದ ಸೇರಿಸಿದ, "ಮೂರು ಸಲ ಸೋಪು ಹಾಕಿ ತೊಳೆದಿದೀನಿ!"

ಪುಟ್ಟಿ ನಕ್ಕಳು. ಅರ್ಧವಲ್ಲ, ಪೂರ್ತಿ. ಸೆರಗು ಬಾಯಿಗೆ ಒತ್ತಿಕೊಳ್ಳುವುದನ್ನೂ ಮರೆತು.

ಅವನು ಅವಳ ಮುಂದೆ ಕೈ ಚಾಚಿದ. "ನೋಟ್‌ಬುಕ್ ಕೊಡಿ. ಇವತ್ತಿಂದು ಬರೀಬೇಕು."

"ಕೊಡಲ್ಲ. ಅದು ನಂದು."

"ಮತ್ತೆ ಗುರುವಾರ ಯಾವ ನೆಪ ಹೇಳ್ಕೊಂಡು ಬರಲಿ?"

ಪುಟ್ಟಿ ಇನ್ನೊಂದು ತುಂಡನ್ನು ಅವನ ಅಂಗೈಯಲ್ಲಿಟ್ಟು, ಆ ಕೈಯನ್ನು ಹಾಗೇ ಮುಚ್ಚಿ ಹಿಡಿದಳು.

"ನೆಪ ಬೇಡ. ಬನ್ನಿ. ಅಡುಗೆಮನೆ ತೊಳೆದಿಟ್ಟಿರ್ತೀನಿ."