ಗೆದ್ದ ಮನೆ, ಸೋತ ಮನೆ

ಮನೆ ಕಟ್ಟಿ ನೋಡು, ಮದುವೆ ಮಾಡಿ ನೋಡು ಅಂತಾರೆ. ಆರ್ಕಿಟೆಕ್ಟಮ್ಮ ಮೊದಲನೆಯದನ್ನು ನಾಲ್ಕು ದೇಶಗಳಲ್ಲಿ ಮಾಡಿ ಸುಸ್ತಾಗಿದ್ದಳು. ಎರಡನೆಯದರ ಗೋಜಿಗೇ ಹೋಗಿರಲಿಲ್ಲ. ಬಡವರ ಕೈಗೆಟುಕುವ ಮನೆ ಕಟ್ಟುವುದು ಅವಳ ಕಸುಬು. ಗೋಡೆ ಒಣಗುವಷ್ಟರಲ್ಲಿ ಪೆಟ್ಟಿಗೆ ಕಟ್ಟುವುದು ಅವಳ ಹಣೆಬರಹ.

"ಊರಿಗೆಲ್ಲ ಮನೆ ಕಟ್ತೀಯಲ್ಲೇ, ನಿನಗೊಂದು ಬೇಡ್ವೇನೇ?" ಅಂತ ಅಮ್ಮ ಫೋನಿನಲ್ಲಿ ಕೇಳಿದರೆ, "ಹೂಂ" ಅಂದು ಇಟ್ಟುಬಿಡುತ್ತಿದ್ದಳು.

ಈ ಸಲ ಪೈಪೋಟಿ. ಹೊಸ ಕಾಲೋನಿಗೆ ಎರಡು ಮಾದರಿ ಮನೆ. ಅವಳದು ಮಣ್ಣಿನ ಇಟ್ಟಿಗೆಯದು, ಎದುರಿಗೆ ಇನ್ನೊಬ್ಬ ಆರ್ಕಿಟೆಕ್ಟನದು, ಬಿದಿರಿನದು. ಬೇಸಿಗೆಯಿಡೀ ಕಟ್ಟಿದವರೇ ಒಳಗಿದ್ದು ತೋರಿಸಬೇಕು. ತಂಪಾದ ಮನೆಗೆ ಗೆಲುವು. ಇಬ್ಬರೂ ಮಹಾ ಜಾಣರು! ಒಂದೇ ಗಾಳಿಗೆ ಲೆಕ್ಕ ಹಾಕಿ ಇಟ್ಟ ದೊಡ್ಡ ಕಿಟಕಿಗಳು ಸರಿಯಾಗಿ ಎದುರುಬದುರಾದವು. ಅವನು ಹಲ್ಲುಜ್ಜುವುದು, ಇವಳು ತಲೆ ಬಾಚುವುದು, ಎಲ್ಲ ಬಟಾಬಯಲು. ನಾಚಿಕೆಯಾಗಿ ಅವಳು ಹಳೇ ಬೆಡ್‌ಶೀಟ್ ಇಳಿಬಿಟ್ಟಳು. ಮನೆ ಒಲೆಯಾಯಿತು.

"ರೀ ಮೇಡಂ," ಆಚೆಯಿಂದ ಅವನ ದನಿ, "ಆ ಪರದೆ ತೆಗೀರಿ. ಗಾಳಿಯಿಲ್ದೆ ನಿಮ್ಮನೆ ಸೋತುಹೋಗುತ್ತೆ."

"ನಿಮಗೆ ಒಳ್ಳೇದೇ ಅಲ್ವಾ?"

"ಬೇಕಾದ್ರೆ ನಾನು ಗೋಡೆ ಕಡೆ ಮುಖ ಮಾಡ್ಕೊಂಡು ಕೂರ್ತೀನಿ."

ಪರದೆ ಹೋಯಿತು. ಅವನು ಗೋಡೆ ನೋಡುತ್ತ ಕೂತಿದ್ದು ಒಂದೇ ದಿನ, ಅದೂ ಅರೆಮನಸ್ಸಿನಿಂದ. ಅವಳೂ ಬಯ್ಯಲಿಲ್ಲ.

ಬೇಸಿಗೆ ಮುಗಿಯಿತು, ಅವಳ ಮನೆ ಗೆದ್ದಿತು. ನಾಳೆಯೇ ಅದಕ್ಕೊಂದು ಸಂಸಾರ ಬರುತ್ತದೆ. ಅವಳಿಗೆ ಮುಂದಿನ ದೇಶದ ಟಿಕೆಟ್ ಬಂದಿತ್ತು. ಸೋತ ಮನೆ ಮಾತ್ರ ಕಟ್ಟಿದವನ ಪಾಲು, ಬಿಚ್ಚಿ ಒಯ್ಯಬಹುದು. ಅವಳು ಪೆಟ್ಟಿಗೆ ಹಿಡಿದು ಹೊರಬಂದಾಗ ಅವನು ಏಣಿ ಹತ್ತಿ ಬಿದಿರು ಕಟ್ಟಿದ ಹಗ್ಗ ಸಡಿಲಿಸುತ್ತಿದ್ದ. ಅವಳು ಏಣಿಯ ಕೆಳಗೆ ಬಂದು ನಿಂತಳು. ಎಷ್ಟಂತ ಹೋಗೋದು? ಅವನ ಮುಖ ಕಾಣದ ಬೆಳಗನ್ನು ನೆನೆದರೇ ಸಂಕಟವಾಗುತ್ತಿತ್ತು.

"ಸುಮ್ಮನಿದ್ದಿದ್ರೆ ನೀವೇ ಗೆಲ್ತಿದ್ರಿ," ಅಂದಳು.

"ಗೆದ್ದು ಏನ್ಮಾಡ್ಲಿ? ಪರದೆ ಇದ್ದಿದ್ರೆ ನೀವು ಕಾಣ್ತಿರ್ಲಿಲ್ಲ."

ಅವಳು ಪೆಟ್ಟಿಗೆ ಕೆಳಗಿಟ್ಟು ಅದರ ಮೇಲೇ ಕೂತಳು.

"ಆ ಹಗ್ಗ ಬಿಗಿ ಮಾಡೋ. ನಂಗೆ ಸಾಕಾಗಿದೆ. ಕಾಲೋನಿ ಮುಗಿಯೋ ತನಕ ಇಲ್ಲೇ ಇರ್ತೀನಿ ಅಂತ ಆಫೀಸಿಗೆ ಹೇಳ್ತೀನಿ. ಸೋತ ಮನೆ ಯಾರಿಗೂ ಬೇಡ ತಾನೆ? ನಮಗಾಗುತ್ತೆ."

"ನಮಗೆ" ಅಂದದ್ದು ಕೇಳಿ ಅವನು ಏಣಿಯಿಂದ ಬೀಳುವುದೊಂದು ಬಾಕಿ. ಬಿಚ್ಚಿದ ಗಂಟನ್ನು ಮತ್ತೆ ಹಾಕಿದ, ಭದ್ರವಾಗಿ.

ಸಂಜೆ ಅವಳು ಅಮ್ಮನಿಗೆ ಫೋನ್ ಮಾಡಿ, "ಮನೆ ಸಿಕ್ತಮ್ಮ, ಅಳಿಯನ ಸಮೇತ" ಅಂದಳು. ಆಮೇಲೆ ಅದೇ ಹಳೇ ಬೆಡ್‌ಶೀಟನ್ನು ಬಿದಿರಿನ ಕಿಟಕಿಗೆ ಕಟ್ಟತೊಡಗಿದಳು.

"ಅಯ್ಯೋ, ಸೆಕೆಯಾಗುತ್ತೆ ಕಣೇ!" ಅಂದ ಅವನು.

"ಆಗ್ಲಿ ಬಿಡು. ನಾಳೆ ಎದುರು ಮನೆಗೆ ಜನ ಬರ್ತಾರೆ."