ನೂರು ವರ್ಷದ ಪೆಟ್ಟಿಗೆ

ಜುಲೈ 14, ಸೋಮವಾರ ಬೆಳಗ್ಗೆ ಹತ್ತೂಕಾಲಿಗೆ ಚನ್ನಪಟ್ಟಣದ ಠಾಣೆಗೆ ಬಂದ ದೂರನ್ನು ಹೆಡ್ ಕಾನ್‌ಸ್ಟೇಬಲ್ ಚಲುವಯ್ಯ ಎರಡು ಸಲ ಓದಿದರು. ಓದಿ, ಎದುರಿಗೆ ಕೂತಿದ್ದ ಭಾನುಪ್ರಿಯ ಅವರ ಮುಖ ನೋಡಿದರು.

"ಅಲ್ಲಾ ಮೇಡಂ, ಪೆಟ್ಟಿಗೆ ಐತೆ, ಒಡೆದಿಲ್ಲ. ಮೊಹರು ಮೊದಲಿಗಿಂತ ಚೆಂದಾಗೈತೆ. ಇದು ಕಂಪ್ಲೇಂಟಾ?"

"ಅದೇ ಕಂಪ್ಲೇಂಟು. ನಾವು ಹಾಕಿದ್ದ ಮೊಹರು ಇಷ್ಟು ಚೆನ್ನಾಗಿರಲಿಲ್ಲ."

ಭಾನುಪ್ರಿಯ ವಿರೂಪಾಕ್ಷಿಪುರ ರಸ್ತೆಯಲ್ಲಿರುವ ಕಾಲ ಅಕಾಡೆಮಿಯ ನಿರ್ದೇಶಕಿ. ಕಾಲವನ್ನು ಅಭ್ಯಾಸ ಮಾಡುವುದು, ಉಳಿಸುವುದು ಆ ಸಂಸ್ಥೆಯ ಕೆಲಸ. ಹಳೇ ಗಡಿಯಾರ, ಪಂಚಾಂಗ, ನಿಂತುಹೋದ ರೇಷ್ಮೆ ಕಾರ್ಖಾನೆಯ ಸೈರನ್ ಸದ್ದು, ಏನು ಸಿಕ್ಕರೂ ಕೂಡಿಡುತ್ತಾರೆ. ಕಾಲವೇನು ಕೈಗೆ ಸಿಕ್ಕುವ ಕೋಳಿಯೇ ಎಂದು ಊರವರು ನಗುವುದುಂಟು. ಆದರೂ ಅಕಾಡೆಮಿಯವರು ಕೇಳಿದಾಗ ಎಷ್ಟೋ ಮನೆಯವರು ತಮ್ಮ ಮನೆಯ ಒಂದೊಂದು ವಸ್ತು ಕೊಟ್ಟಿದ್ದರು. ಅವನ್ನೆಲ್ಲ ಒಂದು ಮರದ ಪೆಟ್ಟಿಗೆಯಲ್ಲಿಟ್ಟು, ಮುಚ್ಚಳದ ಸಂದಿಗೆ ಅರಗು ಮೆತ್ತಿ, ಏಪ್ರಿಲ್‌ನಲ್ಲಿ ಮೊಹರು ಮಾಡಿದ್ದರು. ಅದನ್ನು ತೆರೆಯುವುದು ಇನ್ನು ನೂರು ವರ್ಷಕ್ಕೆ.

ಏನು ಹೋಗಿದೆ ಎಂದೇ ಗೊತ್ತಿಲ್ಲದೆ ಎಫ್‌ಐಆರ್ ಬರೆಯುವುದು ಹೇಗೆಂದು ಚಲುವಯ್ಯ ತಲೆ ಕೆರೆದುಕೊಂಡರು. ಇನ್‌ಸ್ಪೆಕ್ಟರ್ ಲತಾಮಣಿ "ಮೊದಲು ನೋಡೋಣ ನಡೀರಿ" ಎಂದು ಜೀಪು ಹತ್ತಿದರು.

ಅಕಾಡೆಮಿಯ ಹಜಾರದಲ್ಲಿದ್ದ ಪೆಟ್ಟಿಗೆಯ ಸಂದಿಯ ಮೇಲೆ ಲತಾಮಣಿ ಬೆರಳಾಡಿಸಿದರು. ಅರಗು ಗಾಜಿನ ಹಾಗೆ ನುಣುಪಾಗಿತ್ತು. ಬಗ್ಗಿ ನೋಡಿದಾಗ ಪೆಟ್ಟಿಗೆಯಡಿ ಒಣಗಿದ ಎಲೆಯ ಚೂರೊಂದು ಸಿಕ್ಕಿತು.

ಚಲುವಯ್ಯ ಹುಟ್ಟಿ ಬೆಳೆದದ್ದು ಬೊಂಬೆ ಮಾಡುವವರ ಬೀದಿಯ ಪಕ್ಕದಲ್ಲೇ. "ಇದು ಕೇದಗೆ ಗರಿ ಮೇಡಂ. ಬೊಂಬೆಗೆ ಅರಗಿನ ಬಣ್ಣ ಕೊಟ್ಮೇಲೆ ಇದ್ರಲ್ಲಿ ಉಜ್ಜಿ ಮೆರುಗು ಬರಿಸ್ತಾರೆ."

"ಅಂದ್ರೆ ಕಳ್ಳ ಮೆರುಗೂ ಕೊಟ್ಟು ಹೋಗಿದ್ದಾನೆ."

"ಕೈ ಸುಮ್ಕಿರ್ಲಿಲ್ಲ ಅಂತ ಕಾಣ್ತದೆ."

ಇಬ್ಬರು ಪಂಚರ ಎದುರಿಗೆ ಪೆಟ್ಟಿಗೆ ತೆರೆದು ಪಂಚನಾಮೆ ಶುರು ಮಾಡಿದರು. ವಸ್ತುಗಳನ್ನು ಅಕಾಡೆಮಿ ಇಟ್ಟುಕೊಂಡಿದ್ದ ಫೋಟೊಗಳ ಜೊತೆ ಒಂದೊಂದಾಗಿ ಹೋಲಿಸಿದರು. ಎಲ್ಲವೂ ಇದ್ದವು. ಮಗು ಆಡಿಸುವ ಮರದ ಗಿಲಕಿಯ ಹತ್ತಿರ ಬಂದಾಗ ಮಾತ್ರ ಲತಾಮಣಿ ನಿಂತರು. ಫೋಟೊದಲ್ಲಿದ್ದ ಗಿಲಕಿಯ ಹಿಡಿಯ ತುದಿಯಲ್ಲಿ ಮಗು ಕಚ್ಚಿದ ಗುರುತುಗಳಿದ್ದವು. ಕೈಯಲ್ಲಿದ್ದ ಗಿಲಕಿ ಅದೇ ಆಕಾರ, ಅದೇ ಹಳದಿ ಕೆಂಪು, ಆದರೆ ಹಿಡಿ ನುಣ್ಣಗಿತ್ತು.

"ಇದನ್ನ ಕೊಟ್ಟವರು ಯಾರು?"

"ಹುಸೇನ್ ಸಾಬ್ರು, ಬೊಂಬೆ ಮಾಡೋರು," ಎಂದರು ಭಾನುಪ್ರಿಯ. "ಜೂನ್‌ನಲ್ಲಿ ವಾಪಸ್ ಕೊಡಿ ಅಂತ ಬಂದಿದ್ದರು."

"ಕೊಡಲಿಲ್ವಾ?"

"ಮೊಹರಾದ ಮೇಲೆ ಯಾರಿಗೂ ಕೊಡೋ ಹಾಗಿಲ್ಲ. ಆ ನಿಯಮ ನಾನೇ ಮಾಡಿದ್ದು." ಆಕೆಯ ದನಿ ಇಳಿದಿತ್ತು. ಯಾಕೆ ಬೇಕು ಎಂದು ಅವತ್ತು ತಾನು ಕೇಳಲೂ ಇಲ್ಲವೆಂಬುದು ಆಕೆಗೆ ಈಗ ಹೊಳೆಯಿತು.

ಕಾವಲುಗಾರ ಬೋರಲಿಂಗಯ್ಯನನ್ನು ಕರೆಸಿದರು.

"ಹುಸೇನ್ ಇಲ್ಲಿಗೆ ಬಂದಿದ್ದು ಯಾವಾಗ?"

"ಶನಿವಾರ ಮಧ್ಯಾನ ಮೇಡಂ. ಗಡಿಯಾರದ ಪೆಟ್ಟಿಗೆಗಳಿಗೆ ಮೆರುಗು ಹೋಗೈತೆ, ಒಸಿ ಉಜ್ಜಿಕೊಡ್ತೀನಿ ಅಂದ್ರು."

"ನೀನೆಲ್ಲಿದ್ದೆ?"

ಬೋರಲಿಂಗಯ್ಯ ನೆಲ ನೋಡಿದ. "ಅವ್ರೇ ಊಟ ಮಾಡ್ಕೊಂಡು ಬಾ ಅಂದ್ರು. ಹೋದೆ. ಹಂಗೇ ಕಣ್ಣು ಹತ್ಬುಡ್ತು."

ಮಧ್ಯಾಹ್ನ ಒಂದೂವರೆಗೆ ಎಫ್‌ಐಆರ್ ದಾಖಲಾಯಿತು. ಕಳವಾದ ಮಾಲು: ಮರದ ಗಿಲಕಿ, ಒಂದು. ಬರೆಯುವಾಗ ಚಲುವಯ್ಯನವರ ಮೀಸೆಯಡಿ ನಗು ಇತ್ತು. ಎರಡೂವರೆಗೆ ಹುಸೇನನ ಮನೆ ತಲುಪುವ ತನಕ ಅದು ಅಲ್ಲೇ ಇತ್ತು.

ಹುಸೇನ್ ಜಗಲಿಯಲ್ಲಿ ಬೊಂಬೆ ಕಡೆಯುತ್ತ ಕೂತಿದ್ದ. ವಯಸ್ಸು ಅರವತ್ತು ದಾಟಿತ್ತು. ಪೊಲೀಸರನ್ನು ಕಂಡು ಯಂತ್ರ ನಿಲ್ಲಿಸಿದ. ಲತಾಮಣಿ ಹೊಸ ಗಿಲಕಿಯನ್ನು ಅವನ ಮುಂದಿಟ್ಟರು.

"ಇದು ಯಾರ ಕೆಲಸ ಸಾಬ್ರೇ?"

"ನಂದೇ."

"ಹಳೇದು ಎಲ್ಲಿ?"

ಆ ಹೊತ್ತಿಗೆ ಸರಿಯಾಗಿ ಒಳಕೋಣೆಯಿಂದ ಗಿಲ್ ಗಿಲ್ ಎಂದು ಸದ್ದು ಬಂತು. ಚಲುವಯ್ಯ ಬಾಗಿಲ ಕಡೆ ತಿರುಗಿದರು. ಮನೆಯಲ್ಲಿ ಮಗು ಇರುವ ಗುರುತೇ ಇರಲಿಲ್ಲ.

"ನನ್ನ ಹೆಂಡ್ತಿ, ಕರೀಮುನ್ನೀಸಾ," ಎಂದ ಹುಸೇನ್. "ಅವಳ್ಗೇನೂ ಗೊತ್ತಿಲ್ಲ. ಅಕಾಡೆಮಿಯೋರೇ ಕೊಟ್ರು ಅಂತ ಹೇಳಿದೀನಿ."

"ಮೊದಲು ನೀವೇ ಯಾಕೆ ಕೊಟ್ರಿ?"

"ಮಾರ್ಚ್‌ನಲ್ಲಿ ಅವಳು ಆಸ್ಪತ್ರೇಲಿದ್ಲು. ಬದ್ಕಲ್ಲ ಅಂದ್ಬುಟ್ರು. ಅದು ನಮ್ ಉಜೈರನ ಗಿಲಕಿ ಮೇಡಂ. ಒಬ್ನೇ ಮಗ. ವರ್ಷ ತುಂಬೋಕೆ ಮುಂಚೇನೇ ಜ್ವರ ಬಂದು ಹೋದ. ನಾವಿಬ್ರೂ ಹೋದ್ಮೇಲೆ ಇದನ್ನ ಯಾರು ಇಟ್ಕೋತಾರೆ? ಒಲೆಗೆ ಹೋಗ್ತದೆ. ನೂರು ವರ್ಷ ಕಾಯ್ತೀವಿ ಅಂದ್ರಲ್ಲ, ಕೊಟ್ಬುಟ್ಟೆ." ಅವನು ಕೈ ಒರೆಸಿಕೊಂಡ. "ಆಮೇಲೆ ಅವಳು ಬದ್ಕಿ ಬಂದ್ಬುಟ್ಲು."

ಅವನು ಒಳಕೋಣೆಯ ಬಾಗಿಲ ಕಡೆ ನೋಡಿದ.

"ಕಣ್ಣು ಮಾತ್ರ ಹೋಯ್ತು. ಬಂದವಳೇ ಗಿಲಕಿ ಕೇಳಿದ್ಲು. ಹೊಸದು ಮಾಡ್ಕೊಟ್ಟೆ. ಹೆಬ್ಬೆಟ್ಟಲ್ಲಿ ಹಿಡಿ ಸವರಿದ್ಲು, ಪಕ್ಕಕ್ಕಿಟ್ಲು. ಒಂದು ಮಾತಾಡ್ಲಿಲ್ಲ. ಬೈದಿದ್ರೆ ತಡ್ಕೋತಿದ್ದೆ ಮೇಡಂ. ಅವತ್ತಿಂದ ಊಟಾನೂ ಸರಿಯಾಗಿ ಮಾಡ್ಲಿಲ್ಲ."

"ಹಲ್ಲಿನ ಗುರುತು ಕೊರೀಬಹುದಿತ್ತಲ್ಲ?"

"ಕೊರೆಯೋಕೆ ಉಳಿ ಹಿಡ್ಕೊಂಡು ಕೂತೆ. ಕೈ ಬರ್ಲಿಲ್ಲ. ಅವನ ಹಲ್ಲು ನಾನ್ ಹೆಂಗೆ ಮಾಡ್ಲಿ?"

ಲತಾಮಣಿ ಹನ್ನೆರಡು ವರ್ಷದ ನೌಕರಿಯಲ್ಲಿ ಎಷ್ಟೋ ಮಾಲು ಜಪ್ತಿ ಮಾಡಿದ್ದರು. ಆ ಕೋಣೆಗೆ ಕಾಲಿಡಲು ಅವರಿಗೆ ಮನಸ್ಸೇ ಬರಲಿಲ್ಲ. ಆದರೂ ಹೋಗಬೇಕಿತ್ತು.

ಚಾಪೆಯ ಮೇಲೆ ಕೂತಿದ್ದ ಕರೀಮುನ್ನೀಸಾ ಹೊರಗಿನ ಮಾತನ್ನೆಲ್ಲ ಕೇಳಿಸಿಕೊಂಡಿದ್ದಳು. ಲತಾಮಣಿ ಎರಡನೆಯ ಗಿಲಕಿಯನ್ನೂ ಅವಳ ಕೈಗಿಟ್ಟು, ಜೊತೆಗೆ ಕರೆತಂದಿದ್ದ ಪಂಚರ ಎದುರು ಕೇಳಿದರು.

"ಇದರಲ್ಲಿ ನಿಮ್ಮ ಮಗಂದು ಯಾವುದಮ್ಮಾ?"

ಅವಳ ಹೆಬ್ಬೆಟ್ಟು ಕ್ಷಣವೂ ಹುಡುಕಲಿಲ್ಲ. "ಇದು. ಮೇಲೆ ಎರಡು, ಕೆಳಗೆ ಎರಡು. ಅಷ್ಟೇ ಹಲ್ಲು ಬಂದಿದ್ವು ಅವನಿಗೆ." ಆಮೇಲೆ ಅದನ್ನೇ ಮುಂದೆ ಚಾಚಿದಳು. "ತಗೊಳ್ಳವ್ವಾ. ಅವರನ್ನ ಬುಟ್ಬುಡು."

"ನಾನು ಬಿಡೋ ಹಾಗಿಲ್ಲಮ್ಮಾ," ಎಂದರು ಲತಾಮಣಿ. "ಆದರೆ ಅವರೂ ಈ ಗಿಲಕಿಯೂ ವಾಪಸ್ ಬರೋ ಹಾಗೆ ನೋಡ್ಕೋತೀನಿ."

ನಾಲ್ಕು ಗಂಟೆಗೆ ಹುಸೇನನನ್ನು ಬಂಧಿಸಲಾಯಿತು. ಜಪ್ತಿ ಪಂಚನಾಮೆಯಲ್ಲಿ ಚಲುವಯ್ಯ "ಹಲ್ಲಿನ ಗುರುತು ನಾಲ್ಕು" ಎಂದು ಬರೆದರು. ಮಾರನೆಯ ದಿನ ನ್ಯಾಯಾಲಯದಲ್ಲಿ ಜಾಮೀನು ಸಿಕ್ಕಿತು. ಗಿಲಕಿ ಆ ಮನೆಯಲ್ಲೇ ಇರಲಿ, ಅಕಾಡೆಮಿಯ ತಕರಾರಿಲ್ಲ ಎಂದು ಭಾನುಪ್ರಿಯ ತಾವೇ ಅರ್ಜಿ ಹಾಕಿದರು. ಹತ್ತು ದಿನದಲ್ಲಿ ಅದು ಕರೀಮುನ್ನೀಸಾಳ ಕೈ ಸೇರಿತು. ನುಣ್ಣಗಿನ ಗಿಲಕಿಯನ್ನು ನೂರು ವರ್ಷದ ಪೆಟ್ಟಿಗೆಯಲ್ಲೇ ಉಳಿಸಿಕೊಂಡರು. ಹೊಸ ಮೊಹರು ಹಾಕಲು ಹುಸೇನನನ್ನೇ ಕರೆಸಿದರು.

ದೋಷಾರೋಪ ಪಟ್ಟಿ ತಯಾರಿಸುವಾಗ ಚಲುವಯ್ಯ ವಾಡಿಕೆಯಂತೆ "ಆರೋಪಿಯು ದುರಾಸೆಯಿಂದ" ಎಂದು ಬರೆದಿದ್ದರು. ಲತಾಮಣಿ ಆ ಸಾಲನ್ನು ಹೊಡೆದು ಹಾಕಿದರು.

"ಮತ್ತೇನಂತ ಬರೀಲಿ ಮೇಡಂ?"

"ಹೆಂಡತಿ ಕೇಳಿದಳು, ಅದಕ್ಕೆ ಅಂತ ಬರೀರಿ."

ಚಲುವಯ್ಯ ಹಾಗೇ ಬರೆದರು.